ಹೆಬ್ಬಾಳ: ಫ್ಲೈಓವರ್ ಬಿಟ್ಟು ಕೆಳಗೆ ಬನ್ನಿ

ಹಾಂ, ಫ್ಲೈಓವರ್ ನೋಡಿದಿರಲ್ಲ, ಅದಕ್ಕೆ ಅಷ್ಟು ಸಾಕು. ಇವತ್ತು ನಾವು ಹೋಗುತ್ತಿರುವುದು ಹಳೇ ಊರಿನೊಳಗೆ. ಅಲ್ಲೊಂದು ಹಳೇ ವೀರಗಲ್ಲು ನೋಡಬೇಕು.

ಅದಕ್ಕೂ ಮೊದಲು ಆಟೋ ಕಥೆ ಹೇಳಲೇಬೇಕು. 280 ರೂಪಾಯಿ ಕೊಟ್ಟಿದ್ದೇನೆ. "ಊರೊಳಗೇ ಬಿಡಿ ಅಣ್ಣಾ" ಅಂತ ಹತ್ತುವಾಗಲೇ ಹೇಳಿದ್ದೆ. ಅವರು ಸರ್ವಿಸ್ ರೋಡಿನಲ್ಲಿ ನಿಲ್ಲಿಸಿ, "ಎದುರುಗಡೆನೇ ಮೇಡಂ, ದಾಟಿಬಿಡಿ" ಅಂದರು. ದಾಟುವುದಾ? ಆ ಕಡೆ ಬಸ್ಸು, ಈ ಕಡೆ ಲಾರಿ, ಮಧ್ಯೆ ಬೇಲಿ. ಕಣ್ಣಿಗೆ ಕಾಣುವ ಜಾಗಕ್ಕೆ ಸುತ್ತಿ ಬಳಸಿ ಬರಲು 25 ನಿಮಿಷ! ಚಿಲ್ಲರೆ 20 ರೂಪಾಯಿಯೂ ವಾಪಸ್ ಬರಲಿಲ್ಲ. ಹೋಗಲಿ ಬಿಡಿ, ಯೂ-ಟರ್ನ್ ಹಾಕಿದ್ದರೆ ಅವರದೂ ಅರ್ಧ ಗಂಟೆ ಹೋಗುತ್ತಿತ್ತು. ಆದರೂ ಆ 20 ರೂಪಾಯಿ...

ಸರಿ, ಮಂಟಪ ಬಂತು. ಒಳಗಿರುವುದು ಕಿತ್ತಯ್ಯ ಅನ್ನುವ ವೀರನ ಕಲ್ಲು. ಸುಮಾರು ಕ್ರಿ.ಶ. 750ರದ್ದು, ಗಂಗರ ರಾಜ ಶ್ರೀಪುರುಷನ ಕಾಲ. ರಟ್ಟರ, ಅಂದರೆ ರಾಷ್ಟ್ರಕೂಟರ ಕಡೆಯವರು ಊರಿನ ಮೇಲೆ ಬಿದ್ದಾಗ ಹೋರಾಡಿ ಸತ್ತವನು. 2018ರಲ್ಲಿ ಈ ಕಲ್ಲು ಬೆಳಕಿಗೆ ಬಂತು. ಮೊದಲು ಮಂಟಪ ಸ್ವಲ್ಪ ಜಾಸ್ತಿಯೇ ಹೊಸದಾಗಿದೆ ಅನ್ನಿಸಿತು. ಈಗ ಎಡಿಟ್ ಮಾಡುತ್ತಾ ನೋಡಿದರೆ ಚೆನ್ನಾಗೇ ಇದೆ. ಬಿಸಿಲು, ಮಳೆಗೆ ಬಿಡುವುದಕ್ಕಿಂತ ವಾಸಿ ಅಲ್ವಾ?

ಕಲ್ಲಿನ ಮೇಲಿನ ಬರಹದಲ್ಲಿ ಈ ಸೀಮೆಗೆ 'ಪೆರ್ಬೊಳಲ್ ನಾಡು' ಅನ್ನುವ ಹೆಸರಿದೆ. ನಾನು ಇಷ್ಟು ವರ್ಷ ಹೆಬ್ಬಾಳ ಅಂದರೆ ಬಾಳೆತೋಟ ಇದ್ದ ಊರು ಅಂದುಕೊಂಡಿದ್ದೆ. ನಗಬೇಡಿ. ಪೆರ್ ಅಂದರೆ ದೊಡ್ಡದು, ಪೊಳಲ್ ಅಂದರೆ ಪಟ್ಟಣ. ಹಳಗನ್ನಡದ ಪಾಲು ಹಾಲಾಯಿತು, ಪುಲಿ ಹುಲಿಯಾಯಿತು, ಹಾಗೆಯೇ ಪೆರ್ಬೊಳಲ್ ಸವೆದು ಹೆಬ್ಬಾಳ ಆಯಿತು. ಹೆಬ್ಬೆರಳು, ಹೆಬ್ಬಾಗಿಲು, ಎಲ್ಲದರಲ್ಲೂ ಇದೇ 'ಹೆ'. ಹೊಳಲ್ಕೆರೆಯ 'ಹೊಳಲು' ಇದೇ ಪೊಳಲ್. ಅಷ್ಟೇ ಏಕೆ, ನನ್ನನ್ನು ದಾಟಲು ಬಿಡದ ಆ ಹೆದ್ದಾರಿಯಲ್ಲೂ ಇದೇ 'ಹೆ'!

ಇನ್ನೊಂದು ಮಾತು. ಬೆಂಗಳೂರು ಎನ್ನುವ ಹೆಸರು ಬರುವ ಬೇಗೂರಿನ ವೀರಗಲ್ಲು ಸುಮಾರು 890ರದ್ದು. ಅಂದರೆ ಆ ಕಲ್ಲಿಗಿಂತ ಈ ಕಲ್ಲು ನೂರು ವರ್ಷಕ್ಕೂ ಹೆಚ್ಚು ಹಳೆಯದು. ಕೆಂಪೇಗೌಡರು ಕೋಟೆ ಕಟ್ಟಿದ್ದು 1537ರಲ್ಲಿ. ಹೊಯ್ಸಳ ರಾಜ ಬೆಂದಕಾಳು ತಿಂದ, ಅದಕ್ಕೇ ಬೆಂಗಳೂರು ಅನ್ನುವ ಕಥೆ ಇದೆಯಲ್ಲ, ನನಗೆ ಅದು ಸಾಕಾಗಿದೆ. ಹೊಯ್ಸಳರು ಬರುವ ಮೊದಲೇ ಹೆಸರು ಕಲ್ಲಿನ ಮೇಲೆ ಕೂತಿದೆ! ಕಥೆ ಮಾತ್ರ ಚೆನ್ನಾಗಿದೆ, ನಮ್ಮಜ್ಜಿ ಹೇಳುವಾಗ ನಾನೂ ಬಾಯಿ ಬಿಟ್ಟುಕೊಂಡು ಕೇಳುತ್ತಿದ್ದೆ. ಅಜ್ಜಿಗೆ ಅವರೆಕಾಳು ಅಂದರೆ...

ಅಯ್ಯೋ, ಕೆರೆ ಶಾಟ್ ಬಂದುಬಿಟ್ಟಿತು. ಅಗೋ, ನೀರಿನ ಮೇಲೆ ದಪ್ಪಗೆ ಕಾಣುವುದು ಹೆಜ್ಜಾರ್ಲೆ, ಅದೇ ಪೆಲಿಕನ್ ಹಕ್ಕಿ. ಫೋಕಸ್ ಸಿಗುವಷ್ಟರಲ್ಲಿ ಹಾರಿಹೋಗುತ್ತದೆ, ಬೇಗ ನೋಡಿಕೊಳ್ಳಿ.