ಮಹಿಷಾಸುರನ ಬಾಯಿ, ಸ್ಪೀಕರಿನ ಮಾತು

ಕೇಳುಗರಿಗೆ ನಮಸ್ಕಾರ.

ಕಟೀಲು ಮೇಳದ ಯಕ್ಷಗಾನ ಆಟಕ್ಕೆ ಹೋದಾಗ ಒಂದು ವಿಷಯ ಗಮನಿಸಿದ್ದೀರಾ? ರಂಗಸ್ಥಳದ ನಡುವೆ ನಿಂತು ಮಹಿಷಾಸುರ ಅಬ್ಬರಿಸುತ್ತಾನೆ. ಮಾತು ಅವನ ಬಾಯಿಂದಲೇ ಬಂದ ಹಾಗೆ ಕೇಳುತ್ತದೆ. ಆದರೆ ಹಿಂದೆ ಕೂತವರಿಗೆ ತಲುಪುವ ದನಿ ಬಹುಪಾಲು ಆಚೀಚೆ ಇಟ್ಟ ಸ್ಪೀಕರಿನದು. ಸುಮ್ನೆ ಒಮ್ಮೆ ಕಣ್ಣು ಮುಚ್ಚಿ. ಮಾತು ಸ್ಪೀಕರಿನ ಕಡೆಗೆ ಜಾರುತ್ತದೆ. ಕಣ್ಣು ಬಿಟ್ಟರೆ ಮತ್ತೆ ಮಹಿಷಾಸುರನ ಬಾಯಿಗೇ ಬಂದು ಕೂರುತ್ತದೆ.

ಸದ್ದು ಬಂದ ಜಾಗ ಹೇಳುವುದರಲ್ಲಿ ಕಿವಿಗಿಂತ ಕಣ್ಣು ಜಾಸ್ತಿ ನಿಖರ. ಹಾಗಾಗಿ ಮಿದುಳು ಕಣ್ಣಿನ ಸಾಕ್ಷಿಯನ್ನೇ ನಂಬಿ, ಅಲ್ಲಾಡುವ ಬಾಯಿಗೆ ದನಿಯನ್ನು ಅಂಟಿಸಿಬಿಡುತ್ತದೆ.

ಜಾಗ ಮಾತ್ರವಲ್ಲ, ಅಕ್ಷರವೂ ಬದಲಾಗುತ್ತದೆ. 1976ರಲ್ಲಿ ಹ್ಯಾರಿ ಮೆಕ್‌ಗರ್ಕ್ ಮತ್ತು ಜಾನ್ ಮ್ಯಾಕ್‌ಡೊನಾಲ್ಡ್ ಎಂಬ ಮನಶ್ಶಾಸ್ತ್ರಜ್ಞರು ‘ಗ’ ಅನ್ನುವ ಮುಖಕ್ಕೆ ‘ಬ’ ಅನ್ನುವ ದನಿ ಜೋಡಿಸಿ ತೋರಿಸಿದರು. ನೋಡಿದ ದೊಡ್ಡವರಲ್ಲಿ ಹೆಚ್ಚಿನವರಿಗೆ ಕೇಳಿಸಿದ್ದು ‘ಡ’! ತುಟಿ ಸೇರದೆ ‘ಬ’ ಹೇಗೆ ಬರುತ್ತದೆ, ಅಲ್ವಾ? ಮಿದುಳು ನಡುವಿನ ದಾರಿ ಹಿಡಿಯಿತು. ಗುಟ್ಟು ಗೊತ್ತಿದ್ದರೂ ಕೇಳುವುದು ಹಾಗೆಯೇ. ರೇಡಿಯೊದಲ್ಲಿ ಆ ಭಯ ಇಲ್ಲ ಬಿಡಿ, ನನ್ನ ಮುಖ ನಿಮಗೆ ಕಾಣುವುದಿಲ್ಲ.

ಈಗ ಕೂತಲ್ಲೇ ಒಂದು ಆಟ. ವಾಹನ ಓಡಿಸುತ್ತಿರುವವರಿಗೆ ಖಂಡಿತ ಬೇಡ. ಎರಡೂ ಕೈ ಮುಂದೆ ಚಾಚಿ, ಹೆಬ್ಬೆರಳುಗಳನ್ನು ಜೊತೆಯಾಗಿ ಎತ್ತಿ ಹಿಡಿಯಿರಿ. ಎಡಗಣ್ಣು ಮುಚ್ಚಿ. ಬಲಗಣ್ಣು ಎಡ ಹೆಬ್ಬೆರಳನ್ನೇ ನೋಡುತ್ತಿರಲಿ, ಕದಲಬಾರದು. ಬಲ ಹೆಬ್ಬೆರಳನ್ನು ಮೆಲ್ಲನೆ ಬಲಕ್ಕೆ ಸರಿಸಿ. ಒಂದು ಗೇಣು ಆಗುವ ಮೊದಲೇ ಅದರ ತುದಿ ಮಾಯ! ಇನ್ನೂ ಸರಿಸಿದರೆ ಮತ್ತೆ ಹಾಜರು. ಕಣ್ಣಿನ ನರ ಹೊರಬೀಳುವ ಜಾಗದಲ್ಲಿ ಬೆಳಕು ಹಿಡಿಯುವ ಕೋಶಗಳೇ ಇಲ್ಲ. 17ನೇ ಶತಮಾನದಲ್ಲೇ ಫ್ರಾನ್ಸಿನ ಎಡ್ಮ್ ಮಾರಿಯೊಟ್ ಇದನ್ನು ಕಂಡುಹಿಡಿದಿದ್ದ. ಸೋಜಿಗ ಏನೆಂದರೆ, ಬೆರಳು ಹೋದ ಕಡೆ ಕಪ್ಪು ತೂತು ಕಾಣುವುದಿಲ್ಲ. ಹಿಂದಿನ ಗೋಡೆಯ ಬಣ್ಣವನ್ನೇ ಎಳೆದು ಮಿದುಳು ತೇಪೆ ಹಾಕಿರುತ್ತದೆ.

ಹುಣ್ಣಿಮೆಯ ಚಂದ್ರನದೂ ಇಂಥದೇ ಕಥೆ. ಮುಸ್ಸಂಜೆ ತೆಂಗಿನ ತೋಟದಾಚೆ ಏಳುವಾಗ ಭಾರೀ ದೊಡ್ಡದು. ನಡುರಾತ್ರಿ ಮೇಲೇರಿದಾಗ ಸಣ್ಣದು. ಕೈ ಚಾಚಿ ಕಿರುಬೆರಳು ಅಡ್ಡ ಹಿಡಿಯಿರಿ. ಎರಡೂ ಹೊತ್ತಿನಲ್ಲಿ ಅರ್ಧ ಬೆರಳಿನ ಅಗಲಕ್ಕೇ ಚಂದ್ರ ಮುಚ್ಚಿಹೋಗುತ್ತದೆ. ಇದು ಯಾಕೆ ಹೀಗೆ ಎಂಬುದರಲ್ಲಿ ವಿಜ್ಞಾನಿಗಳಿಗೆ ಇಂದಿಗೂ ಒಮ್ಮತವಿಲ್ಲ. ಮುಳುಗುವ ಸೂರ್ಯನೂ ಹಾಗೆಯೇ. ಮಲ್ಪೆ ಬೀಚಿನಲ್ಲಿ ಎಲ್ಲರೂ ಫೋಟೊ ತೆಗೆದು, ‘ಇಷ್ಟು ಸಣ್ಣಗೆ ಬಂತಲ್ಲ’ ಎಂದು ಮೊಬೈಲಿಗೆ ಬೈಯುತ್ತಾರೆ. ಪಾಪ, ಮೊಬೈಲು ಇದ್ದಷ್ಟನ್ನೇ ತೆಗೆದಿರುತ್ತದೆ.

ನಮಸ್ಕಾರ.