ರುದ್ರೇಶ್ ಮಹಾಂತಪ್ಪ: ಹೆಮ್ಮೆಪಡುವ ಮೊದಲು ಕೇಳಿಸಿಕೊಳ್ಳೋಣ

ನಮಸ್ಕಾರ. ದಾವಣಗೆರೆಯಿಂದ ನಿಮ್ಮೊಡನೆ ಮಾತನಾಡುತ್ತಿದ್ದೇನೆ. ಇಂದಿನ ಸಂಚಿಕೆ ಪೂರ್ತಿಯಾಗಿ ಒಬ್ಬ ವಾದಕರಿಗೆ ಮೀಸಲು. ಅವರು ಅಮೆರಿಕದ ಆಲ್ಟೊ ಸ್ಯಾಕ್ಸೊಫೋನ್ ವಾದಕ, ಸಂಯೋಜಕ ರುದ್ರೇಶ್ ಮಹಾಂತಪ್ಪ.

ಹೆಸರು ಕೇಳಿದ ಕೂಡಲೇ ನಮ್ಮ ಭಾಗದ ಜನ ಏನು ಕೇಳುತ್ತಾರೆಂಬುದು ನನಗೆ ಗೊತ್ತಿದೆ: "ಅವರು ಯಾವ ಊರಿನವರು?" ರುದ್ರೇಶ, ಮಹಾಂತಪ್ಪ ಎಂಬ ಹೆಸರುಗಳು ಜಗಳೂರಿನಿಂದ ಹೊಳಲ್ಕೆರೆಯವರೆಗೆ ಯಾವ ಹಳ್ಳಿಗೆ ಹೋದರೂ ಸಿಗುತ್ತವೆ, ಆದ್ದರಿಂದ ಈ ಪ್ರಶ್ನೆ ಸಹಜವಾದದ್ದೇ. ಆದರೆ ಹೊರದೇಶದಲ್ಲಿ ಹೆಸರು ಮಾಡಿದವರನ್ನು ನಮ್ಮವರೆಂದು ಹೇಳಿಕೊಂಡು, ಶಾಲು ಹೊದಿಸಿದಷ್ಟು ಸಂತೋಷಪಟ್ಟು, ಅವರು ಮಾಡಿದ ಕೆಲಸವನ್ನು ಒಮ್ಮೆಯೂ ಗಮನವಿಟ್ಟು ನೋಡದೆ ಮುಂದೆ ಸಾಗುವ ಒಂದು ರೂಢಿ ನಮ್ಮಲ್ಲಿ ಬೇರೂರಿದೆ. ಈ ವಾದಕರ ವಿಷಯದಲ್ಲಿ ಹಾಗಾಗಬಾರದು ಎಂಬುದು ನನ್ನ ಕಳಕಳಿ. ಏಕೆಂದರೆ ಹುಟ್ಟು ಮತ್ತು ಹೆಸರು ತಾವಾಗಿಯೇ ಯಾರಿಗೂ ಸಂಗೀತವನ್ನು ಕೊಡುವುದಿಲ್ಲ, ಅದನ್ನು ಕಲಿತೇ ಪಡೆಯಬೇಕು ಎಂಬ ನಿಲುವಿನ ಮೇಲೆ ಅವರ ವೃತ್ತಿಜೀವನ ನಿಂತಿದೆ ಎಂದು ನಾನು ತಿಳಿದಿದ್ದೇನೆ.

ಅವರು ಹುಟ್ಟಿದ್ದು 1971ರಲ್ಲಿ, ಇಟಲಿಯ ಟ್ರಿಯೆಸ್ಟ್ ನಗರದಲ್ಲಿ. ಬೆಳೆದದ್ದು ಅಮೆರಿಕದ ಕೊಲೊರಾಡೊ ರಾಜ್ಯದ ಬೌಲ್ಡರ್‌ನಲ್ಲಿ. ಅವರ ತಂದೆ ಕೆ. ಟಿ. ಮಹಾಂತಪ್ಪ ಹಾರ್ವರ್ಡ್‌ನಲ್ಲಿ ನೊಬೆಲ್ ಪುರಸ್ಕೃತ ಜೂಲಿಯನ್ ಶ್ವಿಂಗರ್ ಅವರ ಶಿಷ್ಯರಾಗಿ ಸಂಶೋಧನೆ ನಡೆಸಿದ ಭೌತವಿಜ್ಞಾನಿ, ಕೊಲೊರಾಡೊ ವಿಶ್ವವಿದ್ಯಾಲಯದ ಪ್ರಾಧ್ಯಾಪಕ. ಇಂಥ ಮನೆಗಳು ದಾವಣಗೆರೆಯವರಿಗೆ ಅಪರಿಚಿತವಲ್ಲ. 1951ರಲ್ಲಿ ಬಿ.ಡಿ.ಟಿ. ಇಂಜಿನಿಯರಿಂಗ್ ಕಾಲೇಜು, 1965ರಲ್ಲಿ ಜೆ.ಜೆ.ಎಂ. ವೈದ್ಯಕೀಯ ಕಾಲೇಜು ಆರಂಭವಾದ ಮೇಲೆ ಈ ಊರಿನಲ್ಲಿ ಓದಿ ಅಮೆರಿಕದಲ್ಲಿ ನೆಲೆಸಿದವರು ಎಷ್ಟೋ ಮಂದಿ. ಅವರ ಮಕ್ಕಳು ವಾರದ ಕೊನೆಯಲ್ಲಿ ಭರತನಾಟ್ಯಕ್ಕೋ ಕರ್ನಾಟಕ ಸಂಗೀತದ ಪಾಠಕ್ಕೋ ಹೋಗುವುದೂ ನಮಗೆ ಗೊತ್ತು. ರುದ್ರೇಶ್ ಹಿಡಿದ ದಾರಿ ಅದಲ್ಲ. ಶಾಲೆಯ ಬ್ಯಾಂಡ್‌ನಲ್ಲಿ ಸ್ಯಾಕ್ಸೊಫೋನ್ ಹಿಡಿದ ಹುಡುಗ ಜಾಝ್ ಸಂಗೀತದ ಹೆಸರಾಂತ ಸ್ಯಾಕ್ಸೊಫೋನ್ ವಾದಕ ಚಾರ್ಲಿ ಪಾರ್ಕರ್‌ನನ್ನು ಕೇಳಿದ, ಮರುಳಾದ. ಅಮೆರಿಕದ ಕಪ್ಪು ಜನರು ಕಟ್ಟಿ ಬೆಳೆಸಿದ ಆ ಸಂಗೀತವನ್ನು ಅದರ ನಿಯಮಗಳಲ್ಲಿಯೇ, ಬಾಸ್ಟನ್ನಿನ ಬರ್ಕ್ಲಿ ಸಂಗೀತ ಕಾಲೇಜಿನಲ್ಲಿಯೂ ಷಿಕಾಗೊದ ಡಿಪಾಲ್ ವಿಶ್ವವಿದ್ಯಾಲಯದಲ್ಲಿಯೂ ಅಭ್ಯಾಸ ಮಾಡಿ, 1990ರ ದಶಕದ ಕೊನೆಯ ಭಾಗದಲ್ಲಿ ನ್ಯೂಯಾರ್ಕ್ ಸೇರಿದರು.

ತೊಡಕು ಅಲ್ಲಿಂದಲೇ ಶುರುವಾಗುತ್ತದೆ. ಕಂದು ಮೈಬಣ್ಣದ, ಭಾರತೀಯ ಹೆಸರಿನ ತರುಣ ಜಾಝ್ ನುಡಿಸಿದರೆ ಅದರಲ್ಲಿ ರಾಗವಿದೆ, ಯೋಗವಿದೆ, ಪೂರ್ವದೇಶದ ರಹಸ್ಯವಿದೆ ಎಂದು ಕೇಳುಗರು ಮೊದಲೇ ನಿಶ್ಚಯಿಸಿಕೊಂಡು ಬರುತ್ತಿದ್ದ ಕಾಲವದು. ಅಂಥ ನಿರೀಕ್ಷೆಗೆ ಒಪ್ಪಿಕೊಂಡು, ನಾಲ್ಕು ರಾಗಗಳ ಆರೋಹಣ ಅವರೋಹಣವನ್ನು ಕಲಿತು, ಪಕ್ಕದಲ್ಲಿ ತಬಲಾ ಕೂರಿಸಿಕೊಂಡು ಧ್ವನಿಮುದ್ರಿಕೆ ಹೊರತಂದಿದ್ದರೆ ಬೇಗ ಹೆಸರು ಬರುತ್ತಿತ್ತೇನೋ. ರುದ್ರೇಶ್ ಆ ಸುಲಭದ ದಾರಿಯನ್ನು ತುಳಿಯಲಿಲ್ಲ. ತನಗೆ ತಿಳಿಯದ ಸಂಗೀತವನ್ನು ತನ್ನದೆಂದು ಹೇಳಿಕೊಳ್ಳದಿರುವ ಈ ಸಂಕೋಚವನ್ನು ನಾನು ಕಲಾವಿದನ ಪ್ರಾಮಾಣಿಕತೆ ಎಂದು ಭಾವಿಸುತ್ತೇನೆ.

ಅವರು ಬರ್ಕ್ಲಿಯಲ್ಲಿದ್ದ ಕಾಲದಲ್ಲಿ ಅಣ್ಣ ತಮಾಷೆಗೆಂದು ಒಂದು ಧ್ವನಿಮುದ್ರಿಕೆಯನ್ನು ಉಡುಗೊರೆಯಾಗಿ ಕೊಟ್ಟರಂತೆ. ಅದರಲ್ಲಿ ಸ್ಯಾಕ್ಸೊಫೋನ್ ನುಡಿಸಿದವರು ನಮ್ಮ ಕದ್ರಿ ಗೋಪಾಲನಾಥರು. ತಮಾಷೆಯ ಉಡುಗೊರೆ ತಮಾಷೆಯಾಗಿ ಉಳಿಯಲಿಲ್ಲ.

ಕದ್ರಿಯವರ ಬಗ್ಗೆ ಇಲ್ಲಿ ಸ್ವಲ್ಪ ನಿಲ್ಲಬೇಕು, ಏಕೆಂದರೆ ಅವರ ಸಾಧನೆಯ ಅಳತೆ ತಿಳಿಯದಿದ್ದರೆ ರುದ್ರೇಶರ ಮುಂದಿನ ಹೆಜ್ಜೆ ಅರ್ಥವಾಗುವುದಿಲ್ಲ. 1949ರಲ್ಲಿ ದಕ್ಷಿಣ ಕನ್ನಡದ ಬಂಟ್ವಾಳ ತಾಲ್ಲೂಕಿನ ಸಜೀಪದಲ್ಲಿ, ನಾಗಸ್ವರ ವಾದಕರ ಮಗನಾಗಿ ಹುಟ್ಟಿದ ಅವರು ಬಾಲ್ಯದಲ್ಲಿ ಮೈಸೂರು ಅರಮನೆಯ ಬ್ಯಾಂಡ್‌ನಲ್ಲಿ ಸ್ಯಾಕ್ಸೊಫೋನ್ ಕೇಳಿ ಅದಕ್ಕೆ ಮನಸೋತರು. ಆ ವಾದ್ಯ ಕರ್ನಾಟಕ ಸಂಗೀತಕ್ಕೆಂದು ಹುಟ್ಟಿದ್ದಲ್ಲ. ಬೆಲ್ಜಿಯಂನ ಅಡಾಲ್ಫ್ ಸ್ಯಾಕ್ಸ್ 1846ರಲ್ಲಿ ಹಕ್ಕುಪತ್ರ ಪಡೆದ ಈ ಹಿತ್ತಾಳೆಯ ವಾದ್ಯದಲ್ಲಿ ರಂಧ್ರಗಳನ್ನು ಮುಚ್ಚುವುದು ಬೆರಳಲ್ಲ, ಬೆರಳು ಒತ್ತಿದಾಗ ಚಲಿಸುವ ಕೀಲಿಗಳು. ಕೊಳಲಿನಲ್ಲಿ ಬೆರಳನ್ನು ಅರ್ಧ ಸರಿಸಿ ಒಂದು ಸ್ವರದಿಂದ ಇನ್ನೊಂದಕ್ಕೆ ಜಾರಬಹುದು. ಇಲ್ಲಿ ಒತ್ತಿದರೆ ಒಂದು ಸ್ವರ, ಬಿಟ್ಟರೆ ಇನ್ನೊಂದು. ಸ್ವರವನ್ನು ಜಾರಿಸುವ, ಒಲೆಸುವ ಗಮಕವಿಲ್ಲದೆ ತೋಡಿ ರಾಗ ಎಲ್ಲಿಂದ ಬರಬೇಕು? ಕದ್ರಿಯವರು ವರ್ಷಗಟ್ಟಲೆ ಸಾಧನೆ ಮಾಡಿ, ತುಟಿಯ ಹಿಡಿತವನ್ನೂ ಉಸಿರನ್ನೂ ಪಳಗಿಸಿ, ವಾದ್ಯದ ಕೀಲಿಗಳಲ್ಲಿಯೇ ಮಾರ್ಪಾಡು ಮಾಡಿಕೊಂಡು ಅದರಿಂದ ಗಮಕವನ್ನು ಹೊರಡಿಸಿದರು. 1980ರಲ್ಲಿ ಮುಂಬಯಿಯ ಜಾಝ್ ಉತ್ಸವದಲ್ಲಿ ಅಮೆರಿಕದ ಸ್ಯಾಕ್ಸೊಫೋನ್ ವಾದಕ ಜಾನ್ ಹ್ಯಾಂಡಿ ಕದ್ರಿಯವರನ್ನು ಕೇಳಿ ಬೆರಗಾಗಿ ಜೊತೆಯಲ್ಲಿ ನುಡಿಸಿದರು. 1994ರಲ್ಲಿ ಲಂಡನ್ನಿನ ಬಿಬಿಸಿ ಪ್ರಾಮ್ಸ್ ಸಂಗೀತೋತ್ಸವದ ವೇದಿಕೆಯೇರಿದ ಕದ್ರಿಯವರಿಗೆ 2004ರಲ್ಲಿ ಪದ್ಮಶ್ರೀ ಬಂತು. 2019ರಲ್ಲಿ ಅವರು ತೀರಿಕೊಂಡಾಗ ಕರ್ನಾಟಕಕ್ಕಾದ ನಷ್ಟವನ್ನು ನಾವು ಇನ್ನೂ ಸರಿಯಾಗಿ ಅಳೆದಿಲ್ಲ ಎಂದೇ ನನ್ನ ಭಾವನೆ.

ಕದ್ರಿಯವರ ಬಳಿಗೆ ಶಿಷ್ಯನಂತೆ ಹೋಗುವುದಕ್ಕೆ ಮುಂಚೆ ರುದ್ರೇಶ್ ಇನ್ನೊಂದು ಕೆಲಸ ಮಾಡಿದರು. ಕನ್ನಡಿಗರಾದ ನಾವು ಅದನ್ನು ವಿಶೇಷವಾಗಿ ಗಮನಿಸಬೇಕು. 2004ರಲ್ಲಿ ಅವರ 'ಮದರ್ ಟಂಗ್' ಎಂಬ ಧ್ವನಿಮುದ್ರಿಕೆ ಬಂತು. ಭಾರತ ಮೂಲದವರಿಗೆ ಅಮೆರಿಕದಲ್ಲಿ "ನೀವು ಇಂಡಿಯನ್ ಭಾಷೆ ಮಾತನಾಡುತ್ತೀರಾ?" ಎಂಬಂಥ ಪ್ರಶ್ನೆಗಳು ಎದುರಾಗುತ್ತಲೇ ಇರುತ್ತವೆ. ರುದ್ರೇಶ್ ಅದೇ ಪ್ರಶ್ನೆಯನ್ನು ಬೇರೆ ಬೇರೆ ಮನೆಮಾತಿನ ಜನರಿಗೆ ಕೇಳಿ, ಅವರವರ ಭಾಷೆಯಲ್ಲಿ ಬಂದ ಉತ್ತರದ ಏರಿಳಿತವನ್ನು ಸ್ವರಗಳಲ್ಲಿ ಬರೆದುಕೊಂಡು, ಅದರಿಂದ ಜಾಝ್ ರಚನೆಗಳನ್ನು ಕಟ್ಟಿದರು. ಗುಜರಾತಿ, ತೆಲುಗು, ಕೊಂಕಣಿ, ತಮಿಳು, ಮಲಯಾಳಂ ಎಂಬ ಹೆಸರುಗಳ ರಚನೆಗಳ ನಡುವೆ 'ಕನ್ನಡ' ಎಂಬ ಹೆಸರಿನ ರಚನೆಯೊಂದು ಇದೆ. ಅದರಲ್ಲಿ ಕನ್ನಡದ ಒಂದು ಪದವನ್ನೂ ಯಾರೂ ಹಾಡುವುದಿಲ್ಲ. ಮಾತಿನ ಅರ್ಥ ಕಳಚಿ, ಮಾತಿನ ನಡೆ ಮಾತ್ರ ಸ್ಯಾಕ್ಸೊಫೋನಿನಲ್ಲಿ ಉಳಿದಿದೆ. ಜೊತೆಗೆ ವಿಜಯ್ ಅಯ್ಯರ್ ಅವರ ಪಿಯಾನೊ, ಫ್ರಾಂಸ್ವಾ ಮೂತಾಂ ಅವರ ಬಾಸ್, ಇಲಿಯಟ್ ಹಂಬರ್ಟೊ ಕವಿ ಅವರ ಡ್ರಮ್ಸ್. ದೇಸಿ ಎಂದು ಗುರುತಿಸಲು ರಾಗವೂ ಇಲ್ಲ, ತಬಲಾವೂ ಇಲ್ಲ. ಭಾರತ ಒಂದೇ ಮುದ್ದೆಯಲ್ಲ ಎಂಬುದನ್ನು ಭಾಷಣ ಮಾಡದೆ, ಪೂರಾ ಜಾಝ್ ಆಗಿಯೇ ಉಳಿದು ಹೇಳಿದ ಈ ಕೃತಿಯನ್ನು ನಮ್ಮ ಭಾಷೆಯ ಸಾಂಸ್ಕೃತಿಕ ಚರ್ಚೆಗಳಲ್ಲಿ ಯಾರೂ ಪ್ರಸ್ತಾಪಿಸುವುದನ್ನು ನಾನು ಕೇಳಿಲ್ಲ.

2008ರಲ್ಲಿ 'ಕಿನ್ಸ್‌ಮೆನ್' ಎಂಬ ಧ್ವನಿಮುದ್ರಿಕೆ ಹೊರಬಂತು. ನನ್ನ ದೃಷ್ಟಿಯಲ್ಲಿ ಇದು ಅವರ ಜೀವನದ ಶಿಖರ. ಒಂದು ಕಡೆ ಕದ್ರಿ ಗೋಪಾಲನಾಥ್, ಪಿಟೀಲಿನಲ್ಲಿ ಎ. ಕನ್ಯಾಕುಮಾರಿ, ಮೃದಂಗದಲ್ಲಿ ಪೂವಲೂರು ಶ್ರೀಜಿ. ಇನ್ನೊಂದು ಕಡೆ ರುದ್ರೇಶ್, ಕರಾಚಿಯಲ್ಲಿ ಹುಟ್ಟಿದ ಗಿಟಾರ್ ವಾದಕ ರೆಝ್ ಅಬ್ಬಾಸಿ, ಬಾಸ್ ನುಡಿಸುವ ಕಾರ್ಲೊ ಡಿ ರೋಸಾ, ಡ್ರಮ್ಸ್‌ನ ರಾಯಲ್ ಹಾರ್ಟಿಗನ್. ಎರಡು ಸಂಗೀತಗಳನ್ನು ಬೆರೆಸುವ ಪ್ರಯತ್ನಗಳು ಬಹುಪಾಲು ಸೋಲುವುದಕ್ಕೆ ಒಂದು ಕಾರಣವಿದೆ. ಕರ್ನಾಟಕ ಸಂಗೀತದಲ್ಲಿ ಷಡ್ಜ, ಅಂದರೆ ಆಧಾರಸ್ವರವಾದ 'ಸ', ನೆಟ್ಟ ಕಂಬ. ರಾಗ ಎಷ್ಟೇ ವಿಸ್ತಾರಗೊಂಡರೂ ಅದನ್ನೇ ಸುತ್ತುತ್ತದೆ. ಜಾಝ್‌ನಲ್ಲಿ ಒಟ್ಟಿಗೆ ನುಡಿಯುವ ಸ್ವರಗಳ ಗುಂಪುಗಳು, ಅಂದರೆ ಸ್ವರಮೇಳಗಳು, ಒಂದರ ಹಿಂದೊಂದು ಬದಲಾಗುತ್ತಾ ಕಾಲ ಕೆಳಗಿನ ನೆಲವೇ ಸರಿಯುತ್ತಿರುತ್ತದೆ, ವಾದಕ ಅದರೊಂದಿಗೆ ಸರಿಯುತ್ತಲೇ ಮನೋಧರ್ಮವನ್ನು, ಅಂದರೆ ಆ ಕ್ಷಣದ ಸ್ವಂತ ಕಲ್ಪನೆಯನ್ನು, ತೋರಬೇಕು. ಇವೆರಡನ್ನೂ ಸುಮ್ಮನೆ ಅಕ್ಕಪಕ್ಕ ಕೂರಿಸಿದರೆ ಯಾವುದಾದರೊಂದು ಇನ್ನೊಂದಕ್ಕೆ ಅಲಂಕಾರವಾಗಿಬಿಡುತ್ತದೆ. 'ಕಿನ್ಸ್‌ಮೆನ್'ನಲ್ಲಿ ಯಾರೂ ಯಾರಿಗೂ ಅಲಂಕಾರವಾಗಿಲ್ಲ. ರಚನೆಗಳ ನಡುವೆ ಒಬ್ಬೊಬ್ಬರ ಆಲಾಪನೆಗೂ ಪ್ರತ್ಯೇಕ ಜಾಗವಿದೆ; ಕದ್ರಿಯವರು ತಮ್ಮ ಆಲಾಪನೆಯನ್ನು ಸಭೆಯ ಕಛೇರಿಯಲ್ಲಿ ಮಾಡುವಷ್ಟೇ ಸಾವಧಾನವಾಗಿ ಮಾಡುತ್ತಾರೆ, ಅಬ್ಬಾಸಿಯವರ ಗಿಟಾರ್ ತನ್ನದೇ ಮಾತನ್ನು ಆಡುತ್ತದೆ.

ಕಣ್ಣು ಮುಚ್ಚಿ ಕೇಳಿದರೂ ಎರಡು ಸ್ಯಾಕ್ಸೊಫೋನ್‌ಗಳನ್ನು ಗುರುತಿಸಬಹುದು. ಕದ್ರಿಯವರ ನಾದದಲ್ಲಿ ನಾಗಸ್ವರದ ತುಂಬು ಕಂಠವಿದೆ, ಸ್ವರ ಜಾರುತ್ತಾ, ಒಲೆಯುತ್ತಾ ಬರುತ್ತದೆ. ರುದ್ರೇಶರದು ಮೊನಚಾದ, ಅಂಚು ಹರಿತವಾದ, ಅವಸರದ ನಾದ. ಒಂದು ಉಸಿರಿನಲ್ಲಿ ಹತ್ತು ವಿಚಾರ ಹೇಳಬೇಕೆಂಬ ತವಕ ಅದರಲ್ಲಿ ಕೇಳಿಸುತ್ತದೆ. ಆ ಕ್ಷಣದಲ್ಲಿ ಕಲ್ಪಿಸಿ ನುಡಿಸುವ ಕಲ್ಪನಾಸ್ವರದಂತೆ ಇಬ್ಬರೂ ಸರದಿಯಲ್ಲಿ ನುಡಿಸುತ್ತಾ ಸಮೀಪಿಸುವಾಗಲೂ ಒಬ್ಬರು ಇನ್ನೊಬ್ಬರ ಅನುಕರಣೆಗೆ ಇಳಿಯುವುದಿಲ್ಲ. ಹಿರಿಯರಿಗೆ ಸಲ್ಲಬೇಕಾದ ಗೌರವವನ್ನು ಕಿರಿಯ ವಾದಕ ತನ್ನತನವನ್ನು ಬಿಟ್ಟುಕೊಡದೆ ಸಲ್ಲಿಸಿದ್ದನ್ನು ನಾನು ಸಂಗೀತದಲ್ಲಿ ಇಷ್ಟು ಸ್ಪಷ್ಟವಾಗಿ ಕೇಳಿರುವುದು ಕಡಿಮೆ.

ಆಮೇಲಿನ ವರ್ಷಗಳನ್ನು ಬೇಗ ದಾಟುತ್ತೇನೆ. 2007ರಲ್ಲಿ ಸಿಕ್ಕ ಗುಗೆನ್‌ಹೈಮ್ ಫೆಲೊಶಿಪ್‌ನಿಂದ ಕರ್ನಾಟಕ ಸಂಗೀತದ ಅಭ್ಯಾಸ ಮುಂದುವರಿದು 2011ರಲ್ಲಿ 'ಸಂಧಿ' ಬಂತು, ಅಬ್ಬಾಸಿ ಮತ್ತು ತಬಲಾ ನುಡಿಸುವ ಡ್ಯಾನ್ ವೈಸ್ ಅವರೊಡನೆ 'ಇಂಡೊ-ಪಾಕ್ ಕೊಅಲಿಷನ್' ಎಂಬ ಮೂವರ ಮೇಳವೂ ನಡೆಯಿತು, 2013ರಲ್ಲಿ 'ಗಮಕ್'. ಅಮೆರಿಕದ ಜಾಝ್ ಪತ್ರಿಕೆ ಡೌನ್‌ಬೀಟ್‌ನ ವಿಮರ್ಶಕರು ಅವರನ್ನು ಹಲವು ಬಾರಿ ವರ್ಷದ ಆಲ್ಟೊ ಸ್ಯಾಕ್ಸೊಫೋನ್ ವಾದಕರನ್ನಾಗಿ ಆರಿಸಿದರು. 2016ರಿಂದ ಅವರು ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ ಜಾಝ್ ವಿಭಾಗದ ನಿರ್ದೇಶಕರು.

ನನಗೆ ಮುಖ್ಯವೆನಿಸುವುದು 2015ರ 'ಬರ್ಡ್ ಕಾಲ್ಸ್'. ಕರ್ನಾಟಕ ಸಂಗೀತವನ್ನು ಇಷ್ಟು ಆಳವಾಗಿ ಕಲಿತ ಮೇಲೆ ಅವರು ಹಿಂದಿರುಗಿದ್ದು ಮೊದಲ ಪ್ರೀತಿಗೆ, ಅಂದರೆ 1955ರಲ್ಲಿ ಮೂವತ್ತನಾಲ್ಕರ ಹರೆಯದಲ್ಲಿ ತೀರಿಕೊಂಡ ಚಾರ್ಲಿ ಪಾರ್ಕರ್‌ಗೆ. ಆದರೆ ಪಾರ್ಕರ್‌ನ ಒಂದು ರಚನೆಯನ್ನೂ ಇದ್ದಂತೆ ನುಡಿಸಲಿಲ್ಲ. ಒಂದು ಕಡೆ ಪಾರ್ಕರ್ ನುಡಿಸಿದ ಲಯವನ್ನು ಹಾಗೆಯೇ ಉಳಿಸಿ ಸ್ವರಗಳನ್ನೆಲ್ಲ ಬದಲಿಸಿದರು. ಇನ್ನುಳಿದೆಡೆ ಒಂದು ಚಿಕ್ಕ ತುಣುಕನ್ನು ಬೀಜವಾಗಿ ಹಿಡಿದು ಹೊಸದನ್ನು ಬೆಳೆಸಿದರು. ಪಲ್ಲವಿಯ ಒಂದು ಸಾಲನ್ನು ಹಿಡಿದು ನೆರವಲ್ ಮಾಡುವುದನ್ನು, ಅಂದರೆ ಅದೇ ಸಾಲನ್ನು ಹೊಸ ಹೊಸ ಬಗೆಯಲ್ಲಿ ಬೆಳೆಸುವುದನ್ನು, ಕೇಳಿ ಬಲ್ಲ ನಮ್ಮ ಕಿವಿಗೆ ಈ ಕ್ರಮ ಹೊಸದಲ್ಲ, ಅದರ ಫಲ ಮಾತ್ರ ಹೊಸದು.

ಅವರ ಬಗ್ಗೆ ಇರುವ ಆಕ್ಷೇಪವನ್ನೂ ಹೇಳಬೇಕು. ಲೆಕ್ಕಾಚಾರ ಹೆಚ್ಚಾಯಿತು, ಭಾವ ಕಡಿಮೆಯಾಯಿತು ಎಂಬುದು ಆ ಆಕ್ಷೇಪ. 2006ರ 'ಕೋಡ್‌ಬುಕ್' ಗೂಢಲಿಪಿ ಮತ್ತು ಗಣಿತದ ಸಂಖ್ಯಾಸಿದ್ಧಾಂತದ ಆಧಾರದ ಮೇಲೆ ಕಟ್ಟಿದ ಕೃತಿ. ಅದನ್ನು ಕೇಳುವಾಗ ಕಟ್ಟಡದ ಚೌಕಟ್ಟು ಎದ್ದು ಕಾಣುತ್ತದೆ, ಉಸಿರಾಡಲು ಬಿಡುವು ಸಿಗುವುದಿಲ್ಲ ಎಂಬ ಮಾತನ್ನು ನಾನು ಒಪ್ಪುತ್ತೇನೆ. ಆದರೆ ತಾಳದ ಲೆಕ್ಕಾಚಾರವನ್ನು ಕಛೇರಿಯಲ್ಲಿ ಮೃದಂಗಕ್ಕೆ ಮೀಸಲಾದ ತನಿ ಆವರ್ತನದಲ್ಲಿ ಕೈಬೆರಳಿನಲ್ಲಿ ಎಣಿಸುತ್ತಾ ಸಂತೋಷಪಡುವ ನಾವು, ಲೆಕ್ಕವಿದ್ದಲ್ಲಿ ಭಾವವಿಲ್ಲ ಎಂಬ ವಾದವನ್ನು ಪೂರ್ತಿಯಾಗಿ ಹೇಗೆ ಒಪ್ಪುವುದು?

ದಾವಣಗೆರೆ, ಚಿತ್ರದುರ್ಗಗಳ ಕೇಳುಗರಿಗೆ ಒಂದು ಅನುಕೂಲವಿದೆ. ಧಾರವಾಡದ ಹಿಂದೂಸ್ತಾನಿಯೂ ಮೈಸೂರಿನ ಕರ್ನಾಟಕ ಸಂಗೀತವೂ ಈ ನಡುನಾಡಿನಲ್ಲಿ ಎದುರಾಗುತ್ತವೆ; ಸಾಣೇಹಳ್ಳಿ, ಸಿರಿಗೆರೆಯ ವೇದಿಕೆಗಳಲ್ಲಿ ವಚನಗಳನ್ನು ಕೇಳಿ ಬೆಳೆದವರಿಗೆ ಒಂದೇ ಸಾಹಿತ್ಯ ಹಲವು ಧಾಟಿಗಳಲ್ಲಿ ಬರುವುದು ರೂಢಿ. ಸ್ಯಾಕ್ಸೊಫೋನಂತೂ ಈಗ ನಮ್ಮ ಕಲ್ಯಾಣ ಮಂಟಪಗಳ ವಾದ್ಯ. ಮುಹೂರ್ತದ ಹೊತ್ತಿಗೆ ಅದನ್ನು ಊದುವ ಕಲಾವಿದರು ಊಟದ ಪಂಕ್ತಿಯ ಗದ್ದಲದಲ್ಲಿ, ಯಾರೂ ಕೇಳದಿದ್ದರೂ ಒಂದು ಕೀರ್ತನೆಯನ್ನು ಶ್ರದ್ಧೆಯಿಂದ ಮುಗಿಸುವುದನ್ನು ನಾವೆಲ್ಲ ನೋಡಿದ್ದೇವೆ. ಅವರನ್ನು ಒಂದು ಸಂಜೆ ಸಭಾಂಗಣದ ವೇದಿಕೆಗೆ ಕರೆದು, ಎರಡು ಗಂಟೆಗಳ ಕಛೇರಿ ಕೊಡಿಸುವ ಸಂಘಟಕರು ನಮ್ಮಲ್ಲಿ ಬೇಕು. ಆ ಕಲಾವಿದರ ಮಕ್ಕಳಿಗೆ ಕದ್ರಿಯವರ ಧ್ವನಿಮುದ್ರಿಕೆಗಳ ಜೊತೆಗೆ ರುದ್ರೇಶರದನ್ನೂ ಕೇಳಿಸುವ ಸಂಗೀತ ಶಿಕ್ಷಕರು ಬೇಕು. ಜಾಝ್ ಎಂದರೆ ಬೆಂಗಳೂರಿನ ಹೋಟೆಲುಗಳ ಸಂಗೀತ, ನಮಗೆ ಸಂಬಂಧಪಟ್ಟದ್ದಲ್ಲ ಎಂಬ ಮಾತನ್ನು ಮೊದಲು ಬಿಡಬೇಕು.

ಎಲ್ಲಿಂದ ಆರಂಭಿಸಬೇಕೆಂದು ಕೇಳುವವರಿಗೆ ನನ್ನ ಸಲಹೆ ಇದು. ಮೊದಲು 'ಕಿನ್ಸ್‌ಮೆನ್'ನಲ್ಲಿರುವ ಕದ್ರಿಯವರ ಆಲಾಪನೆ, ಅದರ ನಂತರ ಅದೇ ಧ್ವನಿಮುದ್ರಿಕೆಯ 'ಕಲ್ಯಾಣಿ'. ಕಿವಿ ಒಗ್ಗಿದ ಮೇಲೆ 'ಮದರ್ ಟಂಗ್'ನ 'ಕನ್ನಡ'. ಅದನ್ನು ಒಮ್ಮೆ ಕೇಳಿ ಬಿಡಬೇಡಿ, ಮೂರನೆಯ ಬಾರಿಗೆ ಅದರ ಒಳಗಿನ ಮಾತಿನ ನಡೆ ಹಿಡಿತಕ್ಕೆ ಬರುತ್ತದೆ. 'ಬರ್ಡ್ ಕಾಲ್ಸ್' ಕೇಳುವ ಮುನ್ನ ಚಾರ್ಲಿ ಪಾರ್ಕರ್‌ನ ಕೆಲವು ರಚನೆಗಳನ್ನು ಕೇಳಿಕೊಳ್ಳಿ, ಇಲ್ಲದಿದ್ದರೆ ಅರ್ಧ ರುಚಿ ತಪ್ಪಿಹೋಗುತ್ತದೆ. ಕೊನೆಯಲ್ಲಿ, ಪಾರ್ಕರ್‌ನ ಜನ್ಮಶತಮಾನೋತ್ಸವದ ವರ್ಷವಾದ 2020ರಲ್ಲಿ ಬಂದ 'ಹೀರೊ ಟ್ರಿಯೊ': ಅಲ್ಲಿ ಅವರು ಬಾಸ್ ಮತ್ತು ಡ್ರಮ್ಸ್ ಮಾತ್ರ ಜೊತೆಗಿಟ್ಟುಕೊಂಡು, ತಾವು ಮೆಚ್ಚಿದ ಹಿರಿಯರ ರಚನೆಗಳನ್ನು ನುಡಿಸುತ್ತಾರೆ. ಪಿಯಾನೊದ ಆಸರೆ ಇಲ್ಲದ ಆ ನಾದದಲ್ಲಿ ಅವರು ಕದ್ರಿಯವರಿಂದ ಏನು ಕಲಿತರೆಂಬುದನ್ನೂ ಹುಡುಕಿ ನೋಡಿ, ಕೇಳಿದ್ದನ್ನು ನನಗೆ ಬರೆದು ತಿಳಿಸಿ.