ನಿಯಮಗಿರಿಯ ಗ್ರಾಮಸಭೆಗಳು

ಕೇಳುಗರಿಗೆ ನಮಸ್ಕಾರ. ಒಡಿಶಾದ ಕಾಲಾಹಾಂಡಿ ಮತ್ತು ರಾಯಗಡ ಜಿಲ್ಲೆಗಳಲ್ಲಿ ಹಬ್ಬಿರುವ ನಿಯಮಗಿರಿ ಬೆಟ್ಟಸಾಲಿನಲ್ಲಿ ಡೋಂಗ್ರಿಯಾ ಕೊಂಧ ಎಂಬ ಆದಿವಾಸಿಗಳು ಶುಂಠಿ, ಅರಿಸಿನ, ಅನಾನಸು ಬೆಳೆದು ಬದುಕುತ್ತಾರೆ. ಬೆಟ್ಟದ ನೆತ್ತಿಯಲ್ಲಿರುವುದು ಅಲ್ಯೂಮಿನಿಯಂ ತಯಾರಿಕೆಗೆ ಬೇಕಾದ ಬಾಕ್ಸೈಟ್ ಅದಿರು. ಮಳೆಯ ನೀರನ್ನು ಹೀರಿ ಹಿಡಿದಿಟ್ಟು, ಬೇಸಿಗೆಯಲ್ಲೂ ಝರಿಗಳು ಬತ್ತದಂತೆ ಕಾಯುವ ಪದರೂ ಅದೇ.

ಅಲ್ಲಿ ಗಣಿ ತೆರೆಯಲು ಹೊರಟ ವೇದಾಂತ ಕಂಪನಿಯ ವಿರುದ್ಧದ ಹೋರಾಟ ಸುಪ್ರೀಂ ಕೋರ್ಟಿನವರೆಗೆ ಹೋಯಿತು. ಗಣಿಗಾರಿಕೆಯಿಂದ ಜನರ ಧಾರ್ಮಿಕ, ಸಾಂಸ್ಕೃತಿಕ ಹಕ್ಕುಗಳಿಗೆ ಧಕ್ಕೆಯಾಗುವುದೇ ಎಂಬುದನ್ನು 2006ರ ಅರಣ್ಯ ಹಕ್ಕು ಕಾಯ್ದೆಯಂತೆ ಗ್ರಾಮಸಭೆಗಳೇ ಪರಿಶೀಲಿಸಲಿ ಎಂದು ನ್ಯಾಯಾಲಯ 2013ರ ಏಪ್ರಿಲ್ 18ರಂದು ಹೇಳಿತು. ಆ ಮಳೆಗಾಲದಲ್ಲಿ ಜಿಲ್ಲಾ ನ್ಯಾಯಾಧೀಶರ ದರ್ಜೆಯ ಅಧಿಕಾರಿಯ ಸಮ್ಮುಖದಲ್ಲಿ, ಸಶಸ್ತ್ರ ಪಡೆಯ ಪಹರೆಯ ನಡುವೆ ಸಭೆಗಳು ಸೇರಿದವು. ಹೆಂಗಸರು, ಗಂಡಸರು ಎದ್ದು ನಿಂತು ತಮ್ಮ ಕುವಿ ಭಾಷೆಯಲ್ಲೇ, ನಿಯಮರಾಜನು ಒಂದು ಗುಡಿಗೆ ಸೇರಿದ ದೇವರಲ್ಲ, ಇಡೀ ಬೆಟ್ಟವೇ ಅವನದು ಎಂದರು. 12 ಸಭೆಗಳೂ ಗಣಿ ಬೇಡವೆಂದವು. 2014ರ ಜನವರಿಯಲ್ಲಿ ಕೇಂದ್ರ ಪರಿಸರ ಸಚಿವಾಲಯ ಅನುಮತಿ ನಿರಾಕರಿಸಿತು.

ಇದನ್ನು ಪುರಾತನ ನಂಬಿಕೆಯ ಗೆಲುವೆಂದಷ್ಟೇ ತಿಳಿದರೆ ಸಾಲದು. ನಂಬಿಕೆ ಹಳೆಯದೇ, ಆದರೆ ಬೇರೆ ಬೇರೆ ಊರು, ಕುಲಗಳಲ್ಲಿ ಹಂಚಿಹೋಗಿದ್ದವರು ನಿಯಮಗಿರಿ ಸುರಕ್ಷಾ ಸಮಿತಿಯಂಥ ವೇದಿಕೆಯಲ್ಲಿ ಒಂದಾಗಿ, ತಾವು ನಿಯಮರಾಜನ ಸಂತತಿ ಎಂಬ ಮಾತನ್ನೇ ಹಕ್ಕಿನ ಮಾತಾಗಿ ಸರ್ಕಾರದ ಮುಂದಿಟ್ಟದ್ದು ಗಣಿ ತಂದೊಡ್ಡಿದ ಸಂಕಟದಿಂದ. ನನ್ನನ್ನು ಕಾಡುವ ಸಂಗತಿ ಇನ್ನೊಂದಿದೆ. ಕಾನೂನು ಪೂಜೆಗೆ ಕೊಟ್ಟಷ್ಟು ತೂಕವನ್ನು ಹೊಲಕ್ಕೂ ನೀರಿಗೂ ಕೊಡದಿದ್ದರೆ, ಅದೇ ಬೆಟ್ಟವನ್ನು ನಂಬಿ ಬದುಕುವ ದಲಿತ ಕುಟುಂಬಗಳು ಯಾವ ಆಧಾರದ ಮೇಲೆ ವಾದ ಹೂಡಬೇಕು?

ಗದಗ ಜಿಲ್ಲೆಯವರಿಗೆ ಈ ಪ್ರಶ್ನೆ ದೂರದ್ದಲ್ಲ. ಕಪ್ಪತಗುಡ್ಡಕ್ಕೆ ಕೊಟ್ಟಿದ್ದ ಸಂರಕ್ಷಿತ ಪ್ರದೇಶದ ಸ್ಥಾನವನ್ನು ಸರ್ಕಾರ 2016ರಲ್ಲಿ ಹಿಂತೆಗೆದುಕೊಂಡಾಗ, ಗಣಿಗಾರಿಕೆಗೆ ದಾರಿಯಾಗುತ್ತದೆಂಬ ಭಯದಿಂದ ಗದಗಿನ ತೋಂಟದ ಸಿದ್ಧಲಿಂಗ ಸ್ವಾಮೀಜಿಯವರ ನೇತೃತ್ವದಲ್ಲಿ ಜನ ಬೀದಿಗಿಳಿದರು. 2017ರಲ್ಲಿ ಆ ಸ್ಥಾನ ಮರಳಿ ಸಿಕ್ಕಿತು. 2019ರಲ್ಲಿ ಗುಡ್ಡವು ವನ್ಯಜೀವಿಧಾಮವಾಯಿತು. ಹೋರಾಡಿದ ರೈತರು ಆದಿವಾಸಿಗಳಲ್ಲ, ಆದಿವಾಸಿ ಪ್ರದೇಶಗಳಿಗೆ ವಿಶೇಷ ರಕ್ಷಣೆ ಕೊಡುವ ಸಂವಿಧಾನದ ಐದನೇ ಅನುಸೂಚಿಗೆ ಸೇರಿದ ಪ್ರದೇಶವೂ ಕರ್ನಾಟಕದಲ್ಲಿ ಇಲ್ಲ. ಆದರೂ ಗುಡ್ಡದ ಹೆಸರಲ್ಲಿ ಅವರು ಒಂದಾದರು. ಧಾಮದ ಗಡಿ ಗಣಿಯನ್ನು ತಡೆಯುವಂತೆ ಕುರಿಗಾಹಿಯನ್ನೂ ತಡೆಯಬಲ್ಲದು. ಆದುದರಿಂದ ಅಂಚಿನ ಹಳ್ಳಿಗಳ ಗ್ರಾಮಸಭೆಗಳು ಮೇವು, ಸೌದೆ, ಔಷಧಿ ಬೇರುಗಳ ಮೇಲಿನ ಹಕ್ಕನ್ನು ಅರಣ್ಯ ಹಕ್ಕು ಕಾಯ್ದೆಯಡಿ ಈಗಲೇ ಬರಹದಲ್ಲಿ ಕೇಳಬೇಕು.